ಹಾಲಹವಾಲು ಕೇಳದ ಚಾವಡಿ

ಕೋಟ್ ಹಸ್ಸು, ಕಚ್ಚಿ ಬಯಲು
21 ಸೆಪ್ಟೆಂಬರ್ 1986

ಅಕ್ಕ ಮಹಗಂಜ್‌ಗೆ ತಮ್ಮ ದಿಲ್‌ಮುರಾದನ ಸಲಾಂ.

ಇಲ್ಲಿ ನಾವೆಲ್ಲ ಆರೋಗ್ಯವಾಗಿದ್ದೇವೆ. ಮೂವರು ಹೆಣ್ಣುಮಕ್ಕಳೂ ಚೆನ್ನಾಗಿದ್ದಾರೆ. ಚಿಕ್ಕವಳಿಗೆ ಮುಂದಿನ ಎರಡು ಹಲ್ಲು ಬಿದ್ದಿವೆ, ನಗುವಾಗ ಬಾಯಿಗೆ ಕೈ ಅಡ್ಡ ಹಿಡಿಯುತ್ತಾಳೆ. ಈ ಸಲ ಪ್ರವಾಹದ ನೀರು ಹೊತ್ತಿಗೆ ಸರಿಯಾಗಿ ಬಂತು, ಒಡ್ಡು ನಿಂತಿತು, ಜೋಳ ಆಳೆತ್ತರ ಬೆಳೆದಿದೆ. ನಮ್ಮ ಮುಖಂಡರಾದ ಟಕ್ಕರಿ ಜಿಯಂದ್ ಖಾನರು ನನ್ನ ಮೇಲೆ ತುಂಬ ವಿಶ್ವಾಸ ಇಟ್ಟಿದ್ದಾರೆ. ಅವರ ಕಾಗದಪತ್ರವೆಲ್ಲ ಈಗ ನನ್ನ ಕೈಯಲ್ಲೇ ಇದೆ.

ಒಂದು ಮಾತು. ಈ ಚಳಿಗಾಲ ನೀವು ಯಾರೂ ಕೆಳಗೆ ಇಳಿಯದಿದ್ದರೆ ಒಳ್ಳೆಯದು. ಒಂಟೆಗಳಿಗೆ ಕಜ್ಜಿ ಬಂದಿದೆ. ಬೋಲಾನ್ ಕಣಿವೆಯಲ್ಲಿ ಎರಡು ಕಡೆ ರಸ್ತೆ ಕೊಚ್ಚಿಹೋಗಿದೆಯಂತೆ. ಮೇವೂ ಕಡಿಮೆ. ನಲವತ್ತು ಮನೆಯ ಕುರಿಗಳನ್ನು ಹೊಡೆದುಕೊಂಡು ಬಂದು ಇಲ್ಲಿ ಏನು ತಿನ್ನಿಸುತ್ತೀರಿ? ಭಾವ ತೀರಿಹೋದ ಮೇಲೆ ಬೆಟ್ಟದವರೆಲ್ಲ ನಿನ್ನ ಮಾತಿಗೇ ಕಾಯುತ್ತಾರೆ ಎಂದು ಗೊತ್ತು. ನೀನು ಬೇಡವೆಂದರೆ ಅವರು ನಿಲ್ಲುತ್ತಾರೆ.

ಸರಕಾರದವರು ಭೂಮಿ ಅಳೆಯಲು ಬರುತ್ತಾರೆ ಎಂದು ಸುದ್ದಿ. ಅದೇನು ದೊಡ್ಡ ವಿಷಯವಲ್ಲ, ತಲೆ ಕೆಡಿಸಿಕೊಳ್ಳಬೇಡ.

ನಿನ್ನ ಶಾಲೆಯಲ್ಲಿ ಈ ವರ್ಷ ಎಷ್ಟು ಹುಡುಗಿಯರು? ಚಳಿ ಜಾಸ್ತಿಯಾದರೆ ಬರೆ, ಒಳ್ಳೆಯ ರಜಾಯಿ ಮಾಡಿಸಿ ಕಳಿಸುತ್ತೇನೆ.

ನಿನ್ನ ತಮ್ಮ
ದಿಲ್‌ಮುರಾದ್


ಕಾರೇಜ್ ನೋತ್, ಮಸ್ತುಂಗ್ ಬೆಟ್ಟ
5 ಅಕ್ಟೋಬರ್ 1986

ತಮ್ಮಾ,

ನಿನ್ನ ಕಾಗದ ಓದಿ ಮೊದಲು ನಗು ಬಂತು, ಆಮೇಲೆ ಸಿಟ್ಟು ಬಂತು. ಜೋಳ ಆಳೆತ್ತರ ಬೆಳೆದ ಊರಿನಲ್ಲಿ ಮೇವಿಲ್ಲವಂತೆ. ದಂಟನ್ನೆಲ್ಲ ಟಕ್ಕರಿಯೇ ತಿನ್ನುತ್ತಾನೋ? ರಸ್ತೆ ಕೊಚ್ಚಿಹೋಗಿದೆ ಎಂದು ನೀನು ಬರೆದ ಕಾಗದ ಅದೇ ರಸ್ತೆಯಲ್ಲಿ ಬಂದ ಲಾರಿಯಲ್ಲಿ ಬಂತು. ಸುಳ್ಳಿಗೂ ಅಭ್ಯಾಸ ಬೇಕು ಕಣೋ. ನಿನಗೆ ಚಿಕ್ಕಂದಿನಿಂದಲೂ ಅದು ಬರುವುದಿಲ್ಲ, ಅದಕ್ಕೇ ನಿನ್ನ ಮೇಲೆ ನನಗೆ ನಂಬಿಕೆ.

ಆ ಲಾರಿ ಓಡಿಸುವ ಪೀರಕ್ ನಮ್ಮ ಮನೆಯಲ್ಲಿ ಚಹಾ ಕುಡಿಯುತ್ತಾ ಇದ್ದದ್ದನ್ನೆಲ್ಲ ಹೇಳಿದ. "ಅಕ್ಕಾ, ಸರ್ಕಾರದೋರು ಬಂದು ಹೊಲಗಳನ್ನೆಲ್ಲ ಹೆಸ್ರಿಗೆ ಬರ್ಕೊಳ್ತಾರಂತೆ. ನಿಮ್ಮ ನೋದಾನಿ ಕುಲದೋರು ಯಾರ್ಯಾರು ಅಂತ ಟಕ್ಕರಿ ಪಟ್ಟಿ ಕೊಡ್ಬೇಕಂತೆ. ಅದ್ರಲ್ಲಿ ನಿಮ್ಮ ನಲವತ್ತು ಮನೆ ಇಲ್ಲ. ಬ್ರಾಹುಯಿ ಮಾತಾಡೋರು ಬಲೋಚರೇ ಅಲ್ಲ, ಚಳಿಗೆ ಬಂದು ಹೋಗೋ ನೆಂಟರು ಅಂತಾನಂತೆ."

ಹೌದು, ಬೆಟ್ಟದ ನಾವು ಬ್ರಾಹುಯಿ ಆಡುತ್ತೇವೆ, ಬಯಲಿನ ನೀವು ಬಲೋಚಿ ಆಡುತ್ತೀರಿ. ಅಮ್ಮ ಸತ್ತಾಗ ಮಾವ ಕರಮ್ ಖಾನ್ ಏಳು ವರ್ಷದ ನಿನ್ನನ್ನು ಕೆಳಗೆ ಕರೆದುಕೊಂಡು ಹೋದ, ನಾನು ಅಪ್ಪನ ಜೊತೆ ಮೇಲೆ ಉಳಿದೆ. ಅಷ್ಟಕ್ಕೇ ಒಂದೇ ಹೊಟ್ಟೆಯಲ್ಲಿ ಹುಟ್ಟಿದ ನಾವು ಎರಡು ಕುಲವಾದೆವೋ? ಇಬ್ಬರೂ ಮನೆಯಲ್ಲಿ ಆಡದ ಉರ್ದುವಿನಲ್ಲಿ ಕಾಗದ ಬರೆದುಕೊಳ್ಳುತ್ತೇವಲ್ಲ, ಹಾಗಾದರೆ ನಾವು ಲಾಹೋರಿನವರೋ?

ನಿನ್ನ ಟಕ್ಕರಿಯನ್ನೇ ನೋಡು. ಎತ್ತಿಗೆ ಬೈಯುವುದು ಜಟ್ಕಿ ಮಾತಿನಲ್ಲಿ. ಅಂಗಡಿಯವನ ಜೊತೆ ಚೌಕಾಸಿ ಸಿಂಧಿಯಲ್ಲಿ. ನಮಾಜು ಅರಬ್ಬಿಯಲ್ಲಿ, ಸರಕಾರಕ್ಕೆ ಅರ್ಜಿ ಉರ್ದುವಿನಲ್ಲಿ. ಬಲೋಚಿ ನೆನಪಾಗುವುದು ನಮ್ಮನ್ನು ಹೊರಗೆ ಹಾಕುವಾಗ ಮಾತ್ರ.

ನಮ್ಮ ಹಿರಿಯರು ನಾಲಿಗೆ ನೋಡಿ ಕುಲಕ್ಕೆ ಸೇರಿಸಿಕೊಂಡವರಲ್ಲ. ಒಳಿತು ಕೆಡುಕಿನಲ್ಲಿ ಪಾಲು ತೆಗೆದುಕೊಂಡವನು ನಮ್ಮವನು, ಅವನಿಗೆ ಹೊಲದಲ್ಲೂ ಪಾಲು ಎಂದರು. ನಿಮ್ಮ ಎತ್ತುಗಳನ್ನು ಕಳ್ಳರು ಹೊಡೆದುಕೊಂಡು ಹೋದ ವರ್ಷ ಬೆನ್ನಟ್ಟಿದವರು ಬೆಟ್ಟದವರು. ಅವರಲ್ಲಿ ನಾಲ್ವರ ಗೋರಿ ಕೋಟ್ ಹಸ್ಸುವಿನಲ್ಲಿದೆ. ಚಳಿಗಾಲದಲ್ಲಿ ಕಣ್ಣು ಮುಚ್ಚಿದ ಅಪ್ಪನ ಗೋರಿಯೂ ಅಲ್ಲೇ ಇದೆ. ನೆಂಟರು ಗೋರಿ ಬಿಟ್ಟು ಹೋಗುತ್ತಾರೆಯೇ?

ನಾವು ಬರುತ್ತೇವೆ. ಪಟ್ಟಿ ಬರೆಯುವವನು ಯಾರು ಎಂದು ನಿನಗೆ ಗೊತ್ತಿರಲೇಬೇಕು. ಕೈ ನಡುಗುವ ಹಾಗೆ ಅವನಿಗೆ ನಾಲ್ಕು ಮಾತು ಹೇಳು. ನೀನು ಅಲ್ಲಿದ್ದೀ ಎನ್ನುವುದೇ ನಮಗೆ ಧೈರ್ಯ.

ನಿನ್ನ ಅಕ್ಕ
ಮಹಗಂಜ್


ಕೋಟ್ ಹಸ್ಸು
19 ಅಕ್ಟೋಬರ್ 1986

ಅಕ್ಕಾ, ಸಲಾಂ.

ಪೀರಕನ ಬಾಯಿಗೆ ಬೀಗವಿಲ್ಲ. ನಿನಗೆ ನೋವಾಗಬಾರದು ಎಂದು ನಾನು ಸುತ್ತಿ ಬಳಸಿ ಬರೆದೆ, ಅದು ತಪ್ಪೇ. ಹೌದು, ಪಟ್ಟಿಯಾಗಿದೆ. ಬರೆದವನು ಯಾರಾದರೇನು, ಬರೆಸಿದವರು ಟಕ್ಕರಿ. ಮುನ್ಷಿಯ ಕೆಲಸ ಅವರು ಕೊಟ್ಟದ್ದು, ನಾನು ಇರುವ ಮನೆ ಅವರದ್ದು. ಅವರ ಮಾತಿಗೆ ಎದುರು ಮಾತಾಡುವವನು ಇಲ್ಲಿ ಯಾರೂ ಇಲ್ಲ.

ಆದರೂ ನಾನು ಸುಮ್ಮನೆ ಕೂತಿಲ್ಲ. ಮೊನ್ನೆ ಒಬ್ಬರೇ ಇದ್ದಾಗ ಕೇಳಿದೆ. "ಖಾನ್, ಬೆಟ್ಟದೋರು ಸುಮ್ನಿರಲ್ಲ," ಎಂದೆ.

"ಸುಮ್ನಿರ್ದೆ ಏನ್ ಮಾಡ್ತಾರೆ? ಬಂದೂಕು ತರ್ತಾರಾ? ತರ್ಲಿ. ಸರ್ಕಾರದೋರು ಇಲ್ಲೇ ಬಿಡಾರ ಹೂಡಿರ್ತಾರೆ, ಎಲ್ಲರನ್ನೂ ಒಳಗೆ ಹಾಕ್ತಾರೆ," ಎಂದರು. ಸ್ವಲ್ಪ ಹೊತ್ತಾದ ಮೇಲೆ ಅವರೇ ಮೆತ್ತಗಾದರು. "ನೋಡು ಮುನ್ಷಿ, ನಾನೇನು ಕಟುಕ ಅಲ್ಲ. ಅವರ ಹೆಂಗಸರು ಬಂದು ನನ್ನ ಕಾಲ ಮುಂದೆ ತಲೆವಸ್ತ್ರ ಹಾಕ್ಲಿ. ಹೆಣ್ಣು ಸೆರಗೊಡ್ಡಿದ್ರೆ ಇಲ್ಲ ಅನ್ನೋ ಬಲೋಚ ಇನ್ನೂ ಹುಟ್ಟಿಲ್ಲ. ಪ್ರತಿ ಚಳಿಗಾಲ ಡೇರೆಗೆ ಜಾಗ ಕೊಡ್ತೀನಿ, ಕುರಿಗೆ ದಂಟು ಬಿಡ್ತೀನಿ. ಪಟ್ಟಿ ಮಾತ್ರ ಎತ್ತಬಾರ್ದು."

ಅಕ್ಕಾ, ಇದಕ್ಕಿಂತ ಒಳ್ಳೆಯ ದಾರಿ ಇನ್ನೊಂದಿಲ್ಲ. ಹಾವೂ ಸಾಯುವುದಿಲ್ಲ, ಕೋಲೂ ಮುರಿಯುವುದಿಲ್ಲ. ಕೊಲೆಯ ಸೇಡನ್ನೇ ನಮ್ಮ ಹೆಂಗಸರ ತಲೆವಸ್ತ್ರ ನಿಲ್ಲಿಸಿದೆ, ಇದು ಯಾವ ದೊಡ್ಡದು? ಗಂಡಸರನ್ನು ಕುರಿಗಳ ಜೊತೆ ನದಿಯ ಆಚೆ ದಡದಲ್ಲೇ ನಿಲ್ಲಿಸು, ಕೈಗೆ ಕೈ ಹತ್ತಿದರೆ ರಕ್ತ ಹರಿಯುತ್ತದೆ. ನೀನು ಹತ್ತು ಜನ ಹಿರಿಯ ಹೆಂಗಸರನ್ನು ಕರೆದುಕೊಂಡು ಚಾವಡಿಗೆ ಬಾ. ಭೂಮಿ ಅಳೆಯುವ ಅಧಿಕಾರಿ ನವೆಂಬರ್ ಇಪ್ಪತ್ತಕ್ಕೆ ಬರುತ್ತಾನೆ. ಅವನ ಮುಂದೆಯೇ ಆಗಿಬಿಡಲಿ. ಎಲ್ಲ ಮಾತಾಡಿ ಇಟ್ಟಿದ್ದೇನೆ.

ಇದರಲ್ಲಿ ನಿನ್ನ ಮರ್ಯಾದೆಗೆ ಕುಂದಿಲ್ಲ ಎಂದು ಆಣೆ ಮಾಡಿ ಹೇಳುತ್ತೇನೆ.

ದಿಲ್‌ಮುರಾದ್


ಮಚ್, ಬೋಲಾನ್ ಕಣಿವೆ
3 ನವೆಂಬರ್ 1986

ತಮ್ಮಾ,

ಅರ್ಧ ದಾರಿ ಇಳಿದಿದ್ದೇವೆ. ಒಂಟೆಗಳಿಗೆ ಕಜ್ಜಿಯಿಲ್ಲ, ರಸ್ತೆ ಗಟ್ಟಿಯಾಗಿದೆ. ನಿನ್ನ ಕಾಗದವನ್ನು ನಿನ್ನೆ ಸಂಜೆ ಡೇರೆಯಲ್ಲಿ ಹೆಂಗಸರಿಗೆಲ್ಲ ಓದಿ ಹೇಳಿದೆ. ಉರ್ದುವಿನಿಂದ ಬ್ರಾಹುಯಿಗೆ ತಿರುಗಿಸಿ ಹೇಳುವಾಗ ನನಗೇ ನಾಚಿಕೆಯಾಯಿತು. ನಮ್ಮಲ್ಲಿ ಎಲ್ಲರಿಗಿಂತ ಹಿರಿಯಳಾದ ಸಾಜಿ ಅಜ್ಜಿ ಪೂರ್ತಿ ಕೇಳಿಸಿಕೊಂಡು, "ನಿನ್ ತಮ್ಮ ಚೆನ್ನಾಗ್ ವ್ಯಾಪಾರ ಮಾಡ್ತಾನೆ ಕಣೇ. ನಮ್ಮ ಮನೆ ಕಂಬಳೀನ ನಮಗೇ ಭಿಕ್ಷೆ ಕೊಡಿಸ್ತಾವ್ನೆ," ಎಂದಳು.

ಅಜ್ಜಿ ಅಂದದ್ದೇ ಸರಿ. ತಲೆವಸ್ತ್ರವನ್ನು ಕಾಲ ಮುಂದೆ ಹಾಕುವುದು ಕ್ಷಮೆ ಕೇಳುವವರು. ನಾವು ಯಾರನ್ನು ಕೊಂದಿದ್ದೇವೆ? ಯಾರ ಎತ್ತು ಕದ್ದಿದ್ದೇವೆ? ಇವತ್ತು ಸೆರಗೊಡ್ಡಿ ಜಾಗ ಪಡೆದರೆ ನಾಳೆ ಅದು ಅವನ ದಾನ. ಅವನ ಮಗ ಬಂದು, ಅಪ್ಪ ಕೊಟ್ಟಿದ್ದ, ನಾನು ಕೊಡುವುದಿಲ್ಲ ಅನ್ನುತ್ತಾನೆ. ಆಗ ನನ್ನ ಶಾಲೆಯ ಹುಡುಗಿಯರು ಮತ್ತೆ ತಲೆ ಬರಿದು ಮಾಡಿಕೊಂಡು ಅವನ ಕಾಲಿಗೆ ಬೀಳಬೇಕೇ? ನನ್ನ ತಲೆಯ ಬಟ್ಟೆ ನನ್ನ ತಲೆಯ ಮೇಲೇ ಇರುತ್ತದೆ. ಇನ್ನೂ ಒಂದು ಗಂಟು ಬಿಗಿಯಾಗಿಯೇ ಕಟ್ಟಿಕೊಂಡು ಬರುತ್ತೇನೆ.

ನಾವು ಬೇಡಲು ಬರುತ್ತಿಲ್ಲ. ಎಲ್ಲರೂ ಬರುವ ಹಾಗೆ ಬರುತ್ತೇವೆ. ಬಯಲಿನಲ್ಲಿ ಇದ್ದು ಇದ್ದು ನಿನಗೆ ಮರೆತಿದ್ದರೆ ನೆನಪು ಮಾಡುತ್ತೇನೆ. ಚಾವಡಿಗೆ ಬಂದವನು ಶತ್ರುವಾದರೂ ಮನೆಯವನು ಮೊದಲು ಹಾಲಹವಾಲು ಕೇಳಬೇಕು. ಬಂದವನು ಹೊರಟಲ್ಲಿಂದ ಹಿಡಿದು ತಲುಪುವ ತನಕ ಕಂಡದ್ದು, ಕೇಳಿದ್ದು, ಆದದ್ದು ಎಲ್ಲ ಒಪ್ಪಿಸಬೇಕು. ಅದರಲ್ಲಿ ಸುಳ್ಳು ಸೇರಬಾರದು, ಒಂದನ್ನೂ ಮುಚ್ಚಿಡಬಾರದು. ಅವನು ಮುಗಿಸುವ ತನಕ ಯಾರೂ ನಡುವೆ ಬಾಯಿ ಹಾಕಬಾರದು. ಗಂಡಸರಿಲ್ಲದ ತಂಡವಾದರೆ ಹಿರಿಯ ಹೆಂಗಸಿನದು ಕೇಳಬೇಕು. ಸಾಜಿ ಅಜ್ಜಿಗೆ ಹಲ್ಲಿಲ್ಲ, ತನ್ನ ಬದಲು ನಾನು ಮಾತಾಡಬೇಕು ಎಂದಿದ್ದಾಳೆ. ಟಕ್ಕರಿ ಕೇಳಲಿ. ಅಧಿಕಾರಿಯ ಮುಂದೆ ನಮ್ಮ ಗೋರಿಗಳಿಂದ ಶುರು ಮಾಡಿ ಒಡ್ಡಿಗೆ ಹೊತ್ತ ಮಣ್ಣಿನ ತನಕ ಎಲ್ಲವನ್ನೂ ಹೇಳುತ್ತೇನೆ.

ಗಂಡಸರನ್ನು ಆಚೆ ದಡದಲ್ಲಿ ನಿಲ್ಲಿಸುತ್ತೇನೆ. ನಿನ್ನ ಕಾಗದದಲ್ಲಿ ನಾನು ಒಪ್ಪಿದ್ದು ಅದೊಂದನ್ನೇ.

ಚಾವಡಿಯಲ್ಲಿ ನೀನು ಟಕ್ಕರಿಯ ಪಕ್ಕದಲ್ಲೇ ಕೂತಿರುತ್ತೀಯಲ್ಲ, ನಾನು ಮಾತಾಡುವಾಗ ನನ್ನ ಮುಖ ನೋಡು. ಆಗ ನನ್ನ ನಾಲಿಗೆ ತಡವರಿಸುವುದಿಲ್ಲ.

ಮಹಗಂಜ್


ಕೋಟ್ ಹಸ್ಸು
17 ನವೆಂಬರ್ 1986

ಅಕ್ಕಾ,

ಅವಸರದಲ್ಲಿ ಬರೆದು ಪೀರಕನ ಕೈಯಲ್ಲಿ ಕಳಿಸುತ್ತಿದ್ದೇನೆ. ನೀವು ನದಿ ತಲುಪಿದ ಸುದ್ದಿ ಬಂತು. ನಿನ್ನ ಹಟ ನಮ್ಮಿಬ್ಬರನ್ನೂ ಮುಳುಗಿಸುತ್ತದೆ. ಟಕ್ಕರಿಗೆ ನಿನ್ನ ಯೋಚನೆ ತಿಳಿದಿದೆ. "ಹಾಲಹವಾಲು ತಾನೇ? ನಾನು ಕೇಳೋದೇ ಇಲ್ಲ. ಕೇಳ್ದೆ ಬಾಯಿ ತೆಗೆಯೋ ಹಾಗಿಲ್ಲವಲ್ಲ, ಕೂತಿರ್ಲಿ," ಎಂದು ನಗುತ್ತಿದ್ದಾರೆ.

ಅಂದು ನಾನು ಚಾವಡಿಯಲ್ಲಿ ಇರುವುದಿಲ್ಲ. ಕಾಗದದ ಕೆಲಸಕ್ಕೆ ಸಿಬಿಗೆ ಹೋಗಬೇಕಾಗಿದೆ, ಅಲ್ಲೇ ಕೆಲವು ದಿನ ಉಳಿಯುತ್ತೇನೆ. ಟಕ್ಕರಿಯ ಅಪ್ಪಣೆ, ಏನು ಮಾಡಲಿ. ಇನ್ನೂ ಹೊತ್ತು ಮೀರಿಲ್ಲ, ತಲೆವಸ್ತ್ರದ ಮಾತು ಯೋಚಿಸು.

ದಿಲ್‌ಮುರಾದ್


ಕೋಟ್ ಹಸ್ಸುವಿನ ಹೊರಗೆ, ಡೇರೆಯಿಂದ
24 ನವೆಂಬರ್ 1986

ಸಿಬಿಯಲ್ಲಿರುವ ದಿಲ್‌ಮುರಾದನಿಗೆ,

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ.

ಇಪ್ಪತ್ತರಂದು ಬೆಳಿಗ್ಗೆ ನಾವು ಹನ್ನೊಂದು ಜನ ಹೆಂಗಸರು ಚಾವಡಿಗೆ ಹೋಗಿ ಸಲಾಂ ಹೇಳಿ ಚಾಪೆಯ ಮೇಲೆ ಕೂತೆವು. ಅಧಿಕಾರಿ ಇದ್ದ, ಸುತ್ತಮುತ್ತಲ ಊರಿನ ಏಳೆಂಟು ಹಿರಿಯರಿದ್ದರು. ಟಕ್ಕರಿ ನಮ್ಮ ಕಡೆ ತಿರುಗಲಿಲ್ಲ, ಏನೂ ಕೇಳಲಿಲ್ಲ. ನಾವೂ ಬಾಯಿ ತೆಗೆಯಲಿಲ್ಲ. ಗೋಡೆಯ ಮೇಲಿನ ಹಲ್ಲಿಗೂ ನಮಗೂ ವ್ಯತ್ಯಾಸವಿರಲಿಲ್ಲ.

ನಿನ್ನ ಟಕ್ಕರಿ ಒಂದನ್ನು ಮರೆತಿದ್ದ. ಬಂದವರ ಹಾಲಹವಾಲು ಆಗದೆ ಚಾವಡಿಯಲ್ಲಿ ಯಾರ ಮುಂದೆಯೂ ತಟ್ಟೆ ಇಡುವ ಹಾಗಿಲ್ಲ. ಮಧ್ಯಾಹ್ನವಾಯಿತು. ಎರಡು ಕುರಿ ಕೊಯ್ದಿದ್ದರು, ಮಾಂಸದ ವಾಸನೆ ಹಿಂದಿನ ಅಂಗಳದಿಂದ ಗಮಗಮ ಬರುತ್ತಿತ್ತು. ಊಟ ಹೊತ್ತ ಆಳು ಬಾಗಿಲ ತನಕ ಬಂದ, ನಮ್ಮನ್ನು ನೋಡಿದ, ವಾಪಸು ಹೋದ. ಮತ್ತೆ ಬಂದ, ಮತ್ತೆ ಹೋದ. ಹಿರಿಯರ ಹೊಟ್ಟೆ ತಾಳ ಹಾಕುವುದು ನಮಗೆ ಕೇಳುತ್ತಿತ್ತು. ಅವರಲ್ಲೊಬ್ಬ ಬಿಳಿ ಗಡ್ಡದವನು ಕೊನೆಗೆ, "ಜಿಯಂದ್, ಒಂದ್ ಮಾತು ಕೇಳ್ಬಿಡಪ್ಪ. ನಿನ್ ಬಾಯಿ ಸವೆಯುತ್ತಾ?" ಎಂದ.

"ಅವರು ನನ್ನ ಅತಿಥಿಗಳಲ್ಲ, ಕಾಕಾ."

"ಅತಿಥಿಗಳಲ್ಲ ಅಂದ್ರೆ ಮನೆಯೋರು ಅಂತಾಯ್ತು. ಪಟ್ಟೀಲಿ ಬರ್ಕೋ, ಉಣ್ಣೋಣ."

ನಗಬಾರದೆಂದು ನಾವು ಹನ್ನೊಂದು ಜನ ಬಾಯಿಗೆ ಬಟ್ಟೆ ಹಿಡಿದುಕೊಂಡೆವು. ಸಂಜೆಯ ತನಕ ಕೂತಿದ್ದು ಎದ್ದು ಬಂದೆವು. ಮರುದಿನ ಬೆಳಿಗ್ಗೆ ಮತ್ತೆ ಹೋದೆವು, ಅದರ ಮರುದಿನವೂ ಹೋದೆವು. ಮೂರನೆಯ ದಿನ ಹಿರಿಯರನ್ನು ಹಿಂದಿನ ಕೋಣೆಗೆ ಕರೆದು ಕದ್ದು ಊಟ ಹಾಕಿದರು. ಆ ಬಿಳಿ ಗಡ್ಡದವನು ಮಾತ್ರ, "ಬೆಕ್ಕಿನ ಹಾಗೆ ಕಣ್ಮುಚ್ಕೊಂಡು ತಿನ್ನಕ್ಕೆ ನಾನ್ ಬಂದಿಲ್ಲ," ಎಂದು ಒಂಟೆ ಹತ್ತಿ ಹೊರಟೇಹೋದ. ಈಗ ಕಚ್ಚಿಯ ಎಲ್ಲ ಊರಲ್ಲೂ ಇದೇ ಮಾತು ಎಂದು ಪೀರಕ್ ಹೇಳುತ್ತಾನೆ.

ನಿನ್ನೆ ಆ ಅಧಿಕಾರಿ ನಡೆದುಕೊಂಡು ನಮ್ಮ ಡೇರೆಗೇ ಬಂದ. ಕ್ವೆಟ್ಟಾದ ಕಡೆಯವನು, ವಯಸ್ಸಾದವನು, ಕನ್ನಡಕ ಹಾಕಿದ್ದ. ಕಂಬಳಿ ಹಾಸಿ ಕೂರಿಸಿ ಮೊದಲು ಅವನ ಹಾಲಹವಾಲು ಕೇಳಿದೆ.

"ಹೊಟ್ಟೆ ಹಸಿದಿದೆ ತಾಯಿ. ಅದೇ ನನ್ನ ಹಾಲಹವಾಲು," ಎಂದ.

ಕಲ್ಲಿಗೆ ಸುತ್ತಿ ಕೆಂಡದಲ್ಲಿ ಸುಟ್ಟ ರೊಟ್ಟಿ, ಒಣಮಾಂಸದ ಸಾರು ಕೊಟ್ಟೆವು. ಹೊಟ್ಟೆ ತುಂಬ ಉಂಡ. ನನಗೆ ಉರ್ದು ಓದಲು ಬರುತ್ತದೆ ಎಂದು ತಿಳಿದ ಮೇಲೆ ಚೀಲದಿಂದ ಪಟ್ಟಿ ತೆಗೆದು, "ನೀವೇ ಓದಿ ನೋಡಿ, ಯಾರನ್ನ ಬಿಟ್ಟಿದಾರೆ ಹೇಳಿ," ಎಂದು ಕೈಗೆ ಕೊಟ್ಟ.

ಓದುವ ಅಗತ್ಯವೇ ಇರಲಿಲ್ಲ. ಮೊದಲ ಸಾಲು ಕಣ್ಣಿಗೆ ಬಿದ್ದ ಕೂಡಲೇ ಯಾರ ಅಕ್ಷರವೆಂದು ತಿಳಿಯಿತು. ಇಪ್ಪತ್ತು ವರ್ಷದಿಂದ ಆ ಅಕ್ಷರದ ಕಾಗದಗಳನ್ನು ಪೆಟ್ಟಿಗೆಯಲ್ಲಿ ಮಡಿಸಿಟ್ಟವಳು ನಾನು. ಬರೆದವನ ಕೈ ನಡುಗುವ ಹಾಗೆ ನಾಲ್ಕು ಮಾತು ಹೇಳು ಎಂದು ನಾನು ನಿನಗೆ ಬರೆದಿದ್ದೆ. ಅದನ್ನು ಓದುವಾಗ ನಿನಗೆ ಏನನ್ನಿಸಿತು, ದಿಲ್‌ಮುರಾದ್?

ಅದನ್ನಾದರೂ ನುಂಗಿಕೊಳ್ಳುತ್ತಿದ್ದೆ. ಹೊಟ್ಟೆಪಾಡಿಗೆ ಬರೆದ ಎಂದುಕೊಳ್ಳುತ್ತಿದ್ದೆ. ಮೂವತ್ತೊಂದನೆಯ ಹೆಸರಿಗೆ ಬಂದೆ. ದಿಲ್‌ಮುರಾದ್, ತಂದೆ ಕರಮ್ ಖಾನ್.

ನಮ್ಮ ಅಪ್ಪನ ಹೆಸರು ಸಾಹಕ್. ನೀನು ಸಿಬಿಯಲ್ಲಿ ಕೂತು ಮರೆತಿರಬಹುದು ಎಂದು ಬರೆಯುತ್ತಿದ್ದೇನೆ.

ಮಹಗಂಜ್


ಕೋಟ್ ಹಸ್ಸುವಿನ ಹೊರಗೆ
27 ನವೆಂಬರ್ 1986

ದಿಲ್‌ಮುರಾದನಿಗೆ,

ಚಾವಡಿಗೆ ಹೋಗಿ ಕೂರುವುದನ್ನು ನಾವು ಒಂದು ದಿನವೂ ಬಿಡಲಿಲ್ಲ. ನಿನ್ನೆ ನಮ್ಮ ಹಾಲಹವಾಲು ಕೇಳಿದರು. ಟಕ್ಕರಿಯಲ್ಲ, ಅವನ ತಾಯಿ ಸೋನಲ್ ಬೀಬಿ. ಆಕೆ ಚಾವಡಿಗೆ ಕಾಲಿಟ್ಟದ್ದನ್ನು ಊರಿನವರು ಯಾರೂ ನೋಡಿರಲಿಲ್ಲವಂತೆ. ಊರುಗೋಲು ಹಿಡಿದು ನಡುಬಾಗಿಲಲ್ಲಿ ನಿಂತು ಮಗನನ್ನು ಕರೆದಳು.

"ಜಿಯಂದ್, ಆರು ದಿನದಿಂದ ನನ್ನ ಒಲೆ ಮೇಲೆ ಮಾಡಿದ ಅಡುಗೆ ನಾಯಿ ತಿಂತಾ ಇದೆ. ನೀನು ಕೇಳ್ತೀಯೋ, ನಾನು ಕೇಳ್ಲೋ?"

"ಅಮ್ಮಾ, ನೀನ್ ಒಳಗ್ ಹೋಗು. ಇವರು ನಮ್ಮ ಭಾಷೆಯೋರಲ್ಲ."

"ನಾನ್ಯಾವ ಭಾಷೆಯೋಳೋ? ಸಿಂಧಿನಿಂದ ನಿಮ್ಮಪ್ಪ ನನ್ನ ಮದುವೆ ಮಾಡ್ಕೊಂಡು ತಂದ. ಐವತ್ತು ವರ್ಷ ಆಯ್ತು, ಇವತ್ತಿಗೂ ನಿಮ್ಮ ಬಲೋಚಿ ನನ್ನ ನಾಲಿಗೆ ಮೇಲೆ ಹೊರಳಲ್ಲ. ಪಟ್ಟೀಲಿ ನನ್ನ ಹೊಟ್ಟೇಲಿ ಹುಟ್ಟಿದ ನಿನ್ನ ಹೆಸ್ರು ಯಾಕ್ ಬರ್ದಿದೀಯ ಮತ್ತೆ?"

ಅಷ್ಟು ಹೇಳಿ ಬಂದು ನನ್ನ ಎದುರು ಕೂತಳು. "ಹೇಳಮ್ಮ, ಎಲ್ಲಿಂದ ಬಂದ್ರಿ? ಏನ್ ಸುದ್ದಿ?" ಎಂದಳು. ಕೇಳಿದ್ದು ಸಿಂಧಿಯಲ್ಲಿ, ನಾನು ಒಪ್ಪಿಸಿದ್ದು ಬ್ರಾಹುಯಿಯಲ್ಲಿ. ಟಕ್ಕರಿಯ ಬಲೋಚಿಗೆ ಅಲ್ಲಿ ಕೆಲಸವೇ ಇರಲಿಲ್ಲ. ಆದರೂ ಕೂತವರಲ್ಲಿ ಅರ್ಥವಾಗದವನು ಅಧಿಕಾರಿ ಒಬ್ಬನೇ, ಅವನಿಗೆ ಟಕ್ಕರಿಯ ಭಂಟರೇ ಪಿಸುಪಿಸು ಎಂದು ತಿರುಗಿಸಿ ಹೇಳುತ್ತಿದ್ದರು. ನಮ್ಮ ಭಾಷೆ ಅಷ್ಟು ಚೆನ್ನಾಗಿ ಬರುತ್ತದೆ ಅವರಿಗೆ.

ಬೆಳಿಗ್ಗೆ ಶುರು ಮಾಡಿದವಳು ಮಧ್ಯಾಹ್ನದ ನಮಾಜಿನ ತನಕ ಮಾತಾಡಿದೆ. ಎತ್ತಿನ ಬೆನ್ನಟ್ಟಿ ಹೋಗಿ ಸತ್ತ ನಾಲ್ವರ ಹೆಸರು ಹೇಳಿದೆ. ಯಾವ ಯಾವ ವರ್ಷ ಒಡ್ಡು ಒಡೆಯಿತು, ಯಾರ್ಯಾರು ಮಣ್ಣು ಹೊತ್ತರು ಎಂದು ಹೇಳಿದೆ. ಯಾರ ಮದುವೆಗೆ ನಾವು ಕುರಿ ತಂದೆವು, ಯಾರ ಸಾವಿಗೆ ನೀವು ಬೆಟ್ಟ ಹತ್ತಿ ಬಂದಿರಿ ಎಂದು ಹೇಳಿದೆ. ಯಾರೂ ನಡುವೆ ಮಾತಾಡಲಿಲ್ಲ.

ಆಮೇಲೆ ಪಟ್ಟಿಗೆ ಬಂದೆ. ನಿನ್ನ ಹೆಸರನ್ನು ಬಿಟ್ಟುಬಿಡಬಹುದಿತ್ತು. ಸಾಜಿ ಅಜ್ಜಿ ನನ್ನ ಮೊಣಕಾಲು ಒತ್ತಿದಳು, ಬೇಡ ಎಂದು. ಹಾಲಹವಾಲಿನಲ್ಲಿ ಒಂದನ್ನು ಮುಚ್ಚಿಟ್ಟರೆ ಉಳಿದ ಅಷ್ಟೂ ಸುಳ್ಳಾಗುತ್ತದೆ. ಅದಕ್ಕೇ ಹೇಳಿದೆ. ನಮ್ಮನ್ನು ಹೊರಗೆ ಹಾಕಿದ ಪಟ್ಟಿ ಬರೆದವನು ನನ್ನ ಒಡಹುಟ್ಟಿದ ತಮ್ಮ. ಒಳಗೆ ಉಳಿಯುವುದಕ್ಕಾಗಿ ಅಪ್ಪನ ಹೆಸರು ಬಿಟ್ಟು ಮಾವನ ಹೆಸರು ಬರೆದುಕೊಂಡಿದ್ದಾನೆ. ಅಪ್ಪನ ಗೋರಿ ಈ ಚಾವಡಿಯಿಂದ ಇನ್ನೂರು ಹೆಜ್ಜೆ ದೂರದಲ್ಲಿದೆ.

ಇಷ್ಟನ್ನೂ ಗಟ್ಟಿ ದನಿಯಲ್ಲೇ ಹೇಳಿದೆ. ಡೇರೆಗೆ ಬಂದ ಮೇಲೆ ಅತ್ತೆ.

ಟಕ್ಕರಿ ಏನೂ ಒಪ್ಪಿಲ್ಲ. ಪಟ್ಟಿ ಪಟ್ಟಿಯೇ ಎಂದು ಹೇಳಿ ಎದ್ದುಹೋದ. ಅಧಿಕಾರಿ ಅದನ್ನು ತೆಗೆದುಕೊಂಡು ಸಿಬಿಗೆ ಹೋಗಿದ್ದಾನೆ, ವಾರದೊಳಗೆ ಮೊಹರು ಹಾಕುತ್ತಾನಂತೆ. ಹಾಕಲಿ. ನಿನ್ನೆ ಸಂಜೆಯೇ ನಮ್ಮ ಪಾಲಿನ ಹೊಲಕ್ಕೆ ಇಳಿದು ಜೋಳ ಕೊಯ್ಯಲು ಶುರು ಮಾಡಿದ್ದೇವೆ. ತಡೆಯಲು ಬಂದವರಿಗೆ ಸಾಜಿ ಅಜ್ಜಿ ಕುಡುಗೋಲು ತೋರಿಸಿ, "ಬಾ ಮಗ, ಆ ಕಡೆ ಸಾಲು ನೀನ್ ಹಿಡಿ," ಎಂದಳು. ಅವರು ಹಾಗೇ ವಾಪಸು ಹೋದರು.

ನಿನಗೆ ಹೇಳಬೇಕಾದ್ದು ಇನ್ನೇನೂ ಉಳಿದಿಲ್ಲ.

ಮಹಗಂಜ್


ಸಿಬಿ
2 ಡಿಸೆಂಬರ್ 1986

ಅಕ್ಕಾ,

ನಿನ್ನ ಎರಡು ಕಾಗದಗಳೂ ಒಂದೇ ದಿನ ಕೈಸೇರಿದವು. ಮೊದಲನೆಯದನ್ನು ಓದಿದ ಮೇಲೆ ಎರಡನೆಯದನ್ನು ಒಡೆಯಲು ಧೈರ್ಯ ಸಾಲದೆ ಒಂದು ದಿನ ಜೇಬಿನಲ್ಲಿಟ್ಟುಕೊಂಡು ತಿರುಗಿದೆ. ಸಿಬಿಗೆ ಟಕ್ಕರಿ ನನ್ನನ್ನು ಕಳಿಸಿರಲಿಲ್ಲ. ನಾನೇ ಕೇಳಿಕೊಂಡು ಬಂದೆ. ನೀನು ಮಾತಾಡುವಾಗ ನಿನ್ನ ಮುಖ ನೋಡಲು ಹೇಳಿದ್ದೆಯಲ್ಲ, ಅದು ನನ್ನಿಂದ ಆಗುವ ಕೆಲಸವಾಗಿರಲಿಲ್ಲ.

ಪಟ್ಟಿ ಬರೆದದ್ದು ನಾನೇ. ಮೂವತ್ತು ಹೆಸರು ಆದ ಮೇಲೆ ಟಕ್ಕರಿ ಕೇಳಿದರು. "ನಿಮ್ಮಪ್ಪ ಬೆಟ್ಟದೋನಲ್ವಾ? ಹಂಗಾದ್ರೆ ನಿನ್ ಹೆಸ್ರೂ ಬರಲ್ಲ. ಕರಮ್ ಖಾನ್ ಮಗ ಅಂತ ಬರ್ಕೋ. ಸತ್ತೋರು ಎದ್ ಬಂದು ಕೇಳ್ತಾರಾ?" ಬರೆದುಕೊಂಡೆ. ಮೂವರು ಹೆಣ್ಣುಮಕ್ಕಳು, ತಲೆಯ ಮೇಲಿನ ಸೂರು ಎಂದು ನನಗೆ ನಾನೇ ಹೇಳಿಕೊಂಡೆ. ಲೇಖನಿ ಒಂದು ಕ್ಷಣವೂ ನಿಲ್ಲಲಿಲ್ಲ. ಈಗ ಅದನ್ನು ನೆನೆದರೆ ಹೇಸಿಗೆಯಾಗುತ್ತದೆ.

ಮೊನ್ನೆ ಬೆಳಿಗ್ಗೆ ಅಧಿಕಾರಿಯ ಕಚೇರಿಗೆ ಹೋದೆ. ಮೊಹರು ಇನ್ನೂ ಬಿದ್ದಿರಲಿಲ್ಲ. ಪ್ರಮಾಣ ಮಾಡಿ ಹೇಳಿಕೆ ಕೊಡಬೇಕು ಎಂದೆ. ಅವರು ಬರೆದುಕೊಂಡರು. ಹೆಸರು ದಿಲ್‌ಮುರಾದ್. ತಂದೆ ಸಾಹಕ್, ಊರು ಕಾರೇಜ್ ನೋತ್. ಅಕ್ಕ ಮಹಗಂಜ್. ಪಟ್ಟಿಯಲ್ಲಿರುವ ಮೂವತ್ತೊಂದನೆಯ ಸಾಲು ಸುಳ್ಳು.

ಅವರು ಕನ್ನಡಕ ತೆಗೆದು ನನ್ನನ್ನು ನೋಡಿದರು. "ಬೆಟ್ಟದೋರು ನೋದಾನಿಗಳಲ್ಲ ಅಂತ ಬರ್ದೋರು ನೀವು. ನೀವೇ ಬೆಟ್ಟದೋರ ಮಗ ಅಂತೀರಿ. ಹಾಗಾದ್ರೆ ನೀವೂ ನೋದಾನಿ ಅಲ್ಲ. ಕುಲದೋನಲ್ಲದೋನು ಬರ್ದಿರೋ ಕುಲದ ಪಟ್ಟೀನ ನಾನ್ ಏನಂತ ಒಪ್ಕೊಳ್ಳಿ?"

"ಅದಕ್ಕೇ ಬಂದೆ ಸಾಹೇಬ್," ಎಂದೆ.

ಅವರು ಮೊಹರನ್ನು ಪೆಟ್ಟಿಗೆಯಲ್ಲಿಟ್ಟರು. ಪಟ್ಟಿ ರದ್ದಾಗಿದೆ ಅಕ್ಕಾ. ಜನವರಿಯಲ್ಲಿ ಎರಡೂ ಕಡೆಯವರನ್ನು ಎದುರಿಗೆ ಕೂರಿಸಿಕೊಂಡು ಹೊಸದು ಬರೆಯುತ್ತಾರಂತೆ. ಟಕ್ಕರಿ ಮತ್ತೇನಾದರೂ ಹೂಡುತ್ತಾರೆ, ಸುಮ್ಮನಿರುವವರಲ್ಲ. ಆಗ ನಾನು ಅಲ್ಲಿರುತ್ತೇನೆ.

ಸುದ್ದಿ ತಿಳಿದು ನಿನ್ನೆ ಅವರೇ ಸಿಬಿಗೆ ಬಂದರು. ಬಜಾರಿನ ನಡುವೆ ನನ್ನ ತೋಳು ಹಿಡಿದರು.

"ಉಂಡ ಮನೆಗೆ ಎರಡು ಬಗೆದೆಯಲ್ಲೋ."

"ಉಂಡಿದ್ದು ನಿಮ್ಮ ಮನೇಲಿ ಖಾನ್. ಹುಟ್ಟಿದ್ದು ಸಾಹಕನ ಮನೇಲಿ."

"ಇವತ್ತೇ ಮನೆ ಖಾಲಿ ಮಾಡು."

"ಬೆಳಿಗ್ಗೇನೇ ಆಯ್ತು. ಬೀಗದ ಕೈ ನಿಮ್ಮ ಅಮ್ಮನ ಹತ್ರ ಕೊಡ್ಸಿದೀನಿ."

ಜೀವಮಾನದಲ್ಲಿ ಮೊದಲ ಸಲ ಅವರಿಗೆ ಎದುರು ಮಾತಾಡಿದೆ.

ಮನೆ ಬಿಟ್ಟು ನಿನ್ನೆ ನನ್ನ ಹತ್ತಿರ ಸಿಬಿಗೆ ಬಂದ ಹೆಂಡತಿ ಮಕ್ಕಳು ಸಾಮಾನಿನ ಜೊತೆ ಇವತ್ತು ಸಂಜೆ ಪೀರಕನ ಲಾರಿಯಲ್ಲಿ ನಿನ್ನ ಡೇರೆಗೆ ಬರುತ್ತಾರೆ. ಮಕ್ಕಳಿಗೆ ನಿಮ್ಮ ಮಾತು ಬರುವುದಿಲ್ಲ. ಅವರನ್ನು ಏನೂ ಕೇಳಬೇಡ, ಮೊದಲು ರೊಟ್ಟಿ ಕೊಡು, ದಾರಿಯಲ್ಲಿ ಹಸಿದಿರುತ್ತಾರೆ. ನಾನು ನಾಳೆ ನಡೆದು ಬರುತ್ತೇನೆ. ನನಗೆ ರೊಟ್ಟಿ ಕೊಡಬೇಡ. ತಮ್ಮನಲ್ಲವೇ ಎಂದು ಒಳಗೆ ಕರೆದು, ಅತ್ತು, ಕ್ಷಮಿಸಿಬಿಡಬೇಡ. ನದಿಯ ಆಚೆ ಇರುವ ಗಂಡಸರನ್ನೂ ಕರೆಸು. ನಲವತ್ತು ಮನೆಯವರೂ ಬರಲಿ. ಡೇರೆಯ ಮುಂದೆ ನನ್ನನ್ನು ನಿಲ್ಲಿಸಿ ಎಲ್ಲರೆದುರು ಹಾಲಹವಾಲು ಕೇಳು. ಏಳು ವರ್ಷದವನಿದ್ದಾಗ ಬಿಟ್ಟ ಭಾಷೆಯಲ್ಲಿ ಒಪ್ಪಿಸುತ್ತೇನೆ. ನಾನು ತಪ್ಪಿದಲ್ಲಿ ಅವರು ನಗಲಿ, ಬೈಯಲಿ. ನಾನು ಮುಗಿಸುವ ತನಕ ಒಬ್ಬರೂ ಎದ್ದು ಹೋಗಬಾರದು.

ದಿಲ್‌ಮುರಾದ್